ಶುವೈಖಿನ ಖಾಲಿ ಸೀಟುಗಳು

ಗಲ್ಫಿನಲ್ಲಿ, ಶುವೈಖಿನ ಗ್ಯಾರೇಜುಗಳ ಮುಂದೆ, ಹಳೆಯ ಕಾರುಗಳಿಂದ ಬಿಚ್ಚಿದ ಸೀಟುಗಳನ್ನು ಗೋಡೆಗೆ ಒರಗಿಸಿ ಇಟ್ಟಿರುತ್ತಾರೆ. ಬಿಡುವಾದಾಗ ಮೆಕ್ಯಾನಿಕರು ಅವುಗಳ ಮೇಲೆ ಕೂತು ಚಾ ಕುಡಿಯುತ್ತಾರೆ. 2011ರ ಚಳಿಗಾಲದಲ್ಲಿ ಜಾನಿಸ್ ಆ ಸೀಟುಗಳ ಫೋಟೊ ತೆಗೆಯಲು ಶುರುಮಾಡಿದಳು.

ಅವಳು ಅಬ್ಬಾಸಿಯಾದ ಶಾಲೆಯೊಂದರಲ್ಲಿ ಡ್ರಾಯಿಂಗ್ ಟೀಚರ್. ಆದರೆ ಅವಳ ಸ್ವಂತ ಕಲೆಯಲ್ಲಿ ಚಿತ್ರ ಬರೆಯುವುದು ಇರಲಿಲ್ಲ. ಜನ ಓಡಾಡುವ ಜಾಗವೊಂದನ್ನು ಆರಿಸಿ, ತನಗೊಂದು ನಿಯಮ ಹಾಕಿಕೊಂಡು, ಅಲ್ಲಿ ಆಗುವುದನ್ನು ದಾಖಲಿಸುವುದಷ್ಟೆ. ಈ ಸಲದ ನಿಯಮ: ರಸ್ತೆಯ ಆಚೆ ಕಾರಿನೊಳಗೇ ಕೂರಬೇಕು, ಯಾರನ್ನೂ ಮಾತನಾಡಿಸಬಾರದು. ಪ್ರತಿ ಶನಿವಾರ ಮಧ್ಯಾಹ್ನ ಬರುತ್ತಿದ್ದಳು.

ಮೊದಲ ವಾರ ನಾಲ್ಕೈದು ಜನ ಕೂತಿದ್ದರು. ಆಮೇಲೆ ಒಬ್ಬಿಬ್ಬರು. ತಿಂಗಳಾಗುವಷ್ಟರಲ್ಲಿ ಸೀಟುಗಳು ಪೂರಾ ಖಾಲಿ. ಜಾನಿಸ್‌ಗೆ ಅದು ಹಿಡಿಸಿತು. ಕೂತವರಿಗಿಂತ ಅವರು ರೆಕ್ಸಿನ್ ಮೇಲೆ ಬಿಟ್ಟುಹೋದ ತಗ್ಗುಗಳೇ ಚೆನ್ನ ಎಂದುಕೊಂಡಳು.

ಒಂದು ಶನಿವಾರ, ಗ್ರೀಸ್ ಮೆತ್ತಿದ ಅಂಗಿಯ ಒಬ್ಬಾತ ರಸ್ತೆ ದಾಟಿ ಬಂದು ಕಿಟಕಿ ತಟ್ಟಿದ. ಅವಳು ಗಾಜು ಇಳಿಸಿದಳು.

"ಗಾಡಿ ಖರಾಬ್ ಹೈ ಕ್ಯಾ, ಮೇಡಮ್?"

ಆ ಹಿಂದಿಯ ಧಾಟಿ ಅವಳಿಗೆ ಪರಿಚಿತವಾಗಿತ್ತು. "ಊರು ಮಂಗಳೂರಾ?" ಎಂದು ಕೇಳಿದಳು.

"ಪುತ್ತೂರು. ಕಾಂತಪ್ಪ ಅಂತ." ಅವನು ಅವಳ ಕ್ಯಾಮೆರಾ ನೋಡಿದ. "ಹಾಗಾದ್ರೆ ನೀವು ಚೆಕಿಂಗಿನವರು ಅಲ್ವಾ?"

"ಅಲ್ಲ. ಡ್ರಾಯಿಂಗ್ ಟೀಚರ್."

"ಕಪ್ಪು ಕನ್ನಡಕ, ಕ್ಯಾಮೆರಾ, ಶನಿವಾರ ಶನಿವಾರ ಇಲ್ಲೇ. ನಾವು ಅದನ್ನೇ ತಿಳ್ಕೊಂಡದ್ದು. ನಿಮ್ಮ ಕಾರು ಬಂದ ಕೂಡ್ಲೆ ಎಲ್ಲ ಒಳಗೆ ಹೋಗ್ತಾರೆ. ಇಕಾಮಾ ಮುಗಿದು, ಇಲ್ಲಿರ್ಲಿಕ್ಕೆ ಪರ್ಮಿಟ್ ಇಲ್ಲದವರೂ ಉಂಟಲ್ಲ."

ಜಾನಿಸ್ ಕ್ಯಾಮೆರಾವನ್ನು ಪಕ್ಕಕ್ಕಿಟ್ಟಳು. "ಈಗಲೂ ಒಳಗೇ ಇದ್ದಾರಾ?"

"ಇದ್ದಾರೆ. ಯಶೋಧರ ಒಬ್ಬ ಇಲ್ಲ. ಹೆದರಿ ಕೆಲಸ ಬಿಟ್ಟು ಜಹ್ರಾಕ್ಕೆ ಹೋದ."

"ಅವರ ನಂಬರ್ ಕೊಡಿ. ನಾನೇ ಹೇಳ್ತೇನೆ."

"ಬೇಡ ಮೇಡಮ್. ಗುರ್ತ ಇಲ್ಲದವರು ಫೋನ್ ಮಾಡಿದ್ರೆ ಅಲ್ಲಿಂದ್ಲೂ ಓಡ್ತಾನೆ. ನಾನು ಹೇಳ್ತೇನೆ."

ಅವನು ಗ್ಯಾರೇಜಿನತ್ತ ತಿರುಗಿ, "ಯಲ್ಲಾ, ಬಾಹರ್ ಆಜಾವೋ. ಟೀಚರ್ ಹೈ," ಎಂದು ಕೂಗಿದ. ಒಬ್ಬೊಬ್ಬರಾಗಿ ಹೊರಬಂದು ಅವಳತ್ತ ನೋಡದೆ ಕೂತರು. ಕಾಂತಪ್ಪ ಒಂದು ಲೋಟ ಚಾ ತಂದುಕೊಟ್ಟ. ಅವಳು ಕಾರಿಳಿದು, ನಿಂತೇ ಕುಡಿದು, ಫೋಟೊ ತೆಗೆಯದೆ ಹೊರಟಳು. ಅಲ್ಲಿಗೆ ಆ ಶನಿವಾರಗಳು ಮುಗಿದವು.

ಮಾರ್ಚ್‌ನಲ್ಲಿ ಪ್ರದರ್ಶನವಿತ್ತು. ಗ್ಯಾರೇಜಿನ ಬೋರ್ಡು ಕಾಣದ ಹಾಗೆ ಕತ್ತರಿಸಿ, ಖಾಲಿ ಸೀಟುಗಳನ್ನೇ ತೂಗುಹಾಕಿದಳು. ಕೆಳಗೆ ಒಂದೇ ಸಾಲು ಬರೆದಳು: ಫೋಟೊ ತೆಗೆಯುವವಳನ್ನು ಕಂಡು ಇವರು ಒಳಗೆ ಹೋಗಿದ್ದಾರೆ. ಬಂದವರು ಓದಿದರು. ಕೆಲವರು ನಕ್ಕು ಮುಂದಿನ ಚಿತ್ರಕ್ಕೆ ಸರಿದರು.

ಚಾ ಕುಡಿದ ದಿನ ನಂಬರ್ ಪಡೆದಿದ್ದ ಕಾಂತಪ್ಪನಿಗೂ ಫೋನ್ ಮಾಡಿ ಕರೆದಿದ್ದಳು. ಕೆಲಸದ ದಿನ, ಬರಲಿಕ್ಕೆ ಆಗುವುದಿಲ್ಲ ಎಂದಿದ್ದ.

"ಯಶೋಧರ ವಾಪಸ್ ಬಂದ್ರಾ?" ಎಂದು ಅವಳು ಕೇಳಿದ್ದಳು.

"ಇಲ್ಲ ಮೇಡಮ್. ಅದು ಟೀಚರ್ ಅಂತ ಎಷ್ಟು ಹೇಳಿದ್ರೂ ನಂಬುದಿಲ್ಲ ಅವ."

"ಸರಿ," ಎಂದಿದ್ದಳು ಜಾನಿಸ್.