ಮೊದಲ ಮೊಮ್ಮಗಳ ಹೆಸರು

ಏಪ್ರಿಲ್ ತಿಂಗಳ ಕೊನೆಯ ಶುಕ್ರವಾರ ಬೆಳಿಗ್ಗೆ ಹತ್ತು ಗಂಟೆ ಹತ್ತು ನಿಮಿಷಕ್ಕೆ, ದೋಹಾದ ಮೆಸೈಮೀರ್‌ನ ಚರ್ಚಿನಲ್ಲಿ, ಡ್ಯಾರೆಲ್ ಮತ್ತು ಜೋಆನ್ ದಂಪತಿಯ ಎಪ್ಪತ್ತೊಂದು ದಿನದ ಮಗಳಿಗೆ ಡಿಂಫ್ನಾ ಎಂದು ಹೆಸರಿಡಲಾಯಿತು. ಅಂದು ಜ್ಞಾನಸ್ನಾನ ಪಡೆದ ಒಂಬತ್ತು ಮಕ್ಕಳಲ್ಲಿ ಅವಳು ಆರನೆಯವಳು. ತಲೆಗೆ ನೀರು ಬಿದ್ದಾಗ ಮಗು ಅಳಲಿಲ್ಲ. ಅತ್ತವಳು ತಾಯಿ. ಸಂತೋಷಕ್ಕೆ ಅಳುತ್ತಿದ್ದಾಳೆ ಎಂದು ನೋಡಿದವರು ಅಂದುಕೊಂಡರು.

ಉಡುಪಿ, ಮಂಗಳೂರು ಕಡೆಯ ಕೊಂಕಣಿ ಕ್ಯಾಥೊಲಿಕರಲ್ಲಿ ಮೊದಲ ಮೊಮ್ಮಗಳಿಗೆ ತಂದೆಯ ತಾಯಿಯ ಹೆಸರಿಡುವ ರೂಢಿ. ಈಗ ಎಲ್ಲರೂ ಪಾಲಿಸುವುದಿಲ್ಲ. ಪಾಲಿಸದವರೂ ಎರಡನೆಯ ಹೆಸರಾಗಿಯಾದರೂ ಸೇರಿಸಿ ಹಿರಿಯರ ಮನಸ್ಸು ಉಳಿಸುತ್ತಾರೆ. ಡ್ಯಾರೆಲ್‌ನ ಅಣ್ಣ ರೆಮಿಜಿಯಸ್‌ಗೆ ಇಬ್ಬರೂ ಗಂಡುಮಕ್ಕಳು. ತಾಯಿಯ ಸೆವ್ರಿನಾ ಎಂಬ ಹೆಸರು ಮುಂದಿನ ತಲೆಮಾರಿಗೆ ಹೋಗಬೇಕಿದ್ದರೆ ಈ ಮಗುವಿನ ಮೂಲಕವೇ ಹೋಗಬೇಕಿತ್ತು.

ಡ್ಯಾರೆಲ್‌ಗೆ ಅದೇ ಬೇಡವಾಗಿತ್ತು.

ಅವನು ಹತ್ತನೆಯ ತರಗತಿಯಲ್ಲಿದ್ದಾಗ ಒಂದು ಮಧ್ಯಾಹ್ನ ಅವನ ತಾಯಿ ಸೆವ್ರಿನಾ, ಊರವರು ಗೌರವಕ್ಕೆ ಕರೆಯುವಂತೆ ಸೆವ್ರಿನ್ ಬಾಯಿ, ಮದುವೆಯ ಸೀರೆ ಉಟ್ಟು, ಒಂದು ಕಾಲಿಗೆ ತನ್ನ ಚಪ್ಪಲಿ, ಇನ್ನೊಂದಕ್ಕೆ ತೀರಿಹೋದ ಗಂಡನ ಚಪ್ಪಲಿ ಹಾಕಿಕೊಂಡು ಶಾಲೆಗೆ ಬಂದಿದ್ದಳು. ಮಗ ಮೂರು ದಿನದಿಂದ ಉಂಡಿಲ್ಲ, ಅವನನ್ನು ಯಾರೋ ಕಟ್ಟಿಹಾಕಿದ್ದಾರೆ ಎಂದು ಹೆಡ್‌ಮಾಸ್ಟರರ ಕೋಣೆಯ ಮುಂದೆ ಕೂತು ಎದೆ ಬಡಿದುಕೊಂಡಳು. ಡ್ಯಾರೆಲ್ ಆಗಷ್ಟೇ ಉಂಡು ಕೈತೊಳೆಯುತ್ತಿದ್ದ. ಅಂದಿನಿಂದ ಅವನಿಗೆ ಶಾಲೆಯಲ್ಲಿ ಸೆವ್ರಿನಾ ಎಂದೇ ಅಡ್ಡಹೆಸರು ಬಿತ್ತು. ಆಮೇಲೆ ಅದು ಊರಿಗೇ ಹಬ್ಬಿತು. ಯಾರಾದರೂ ಅತಿಯಾಗಿ ಕೂಗಾಡಿದರೆ, 'ಸೆವ್ರಿನಾನ ಹಾಗೆ ಮಾಡ್ಬೇಡ' ಅನ್ನುವುದು ಮೀನು ಮಾರ್ಕೆಟ್ಟಿನಲ್ಲೂ ಬಳಕೆಯ ಮಾತಾಯಿತು. ಹನ್ನೊಂದು ವರ್ಷದ ಹಿಂದೆ ಅಣ್ಣತಮ್ಮ ಇಬ್ಬರೂ ಸೇರಿ ಅವಳನ್ನು ಕಾರ್ಕಳದ ಕಡೆ ಸಿಸ್ಟರುಗಳು ನಡೆಸುವ, ಮನಸ್ಸಿನ ಕಾಯಿಲೆಯ ಹೆಂಗಸರ ಆಶ್ರಮಕ್ಕೆ ಸೇರಿಸಿದರು. ದೋಹಾದಲ್ಲಿ ಯಾರಾದರೂ ಕೇಳಿದರೆ ಡ್ಯಾರೆಲ್, "ಮಮ್ಮಿ ಅಣ್ಣನ ಜೊತೆ ಇದ್ದಾರೆ, ಸ್ವಲ್ಪ ಶುಗರ್" ಅನ್ನುತ್ತಿದ್ದ. ಜೋಆನ್‌ಗೂ ನಿಜ ಗೊತ್ತಾದದ್ದು ಮದುವೆಯಾಗಿ ಆರು ತಿಂಗಳ ಮೇಲೆ.

ಗೊತ್ತಾದ ಮೇಲೆ ಅವಳು ಮಾಡಿದ್ದು ಡ್ಯಾರೆಲ್ ಎಣಿಸದ ಕೆಲಸ. ರಜೆಗೆ ಹೋದಾಗಲೆಲ್ಲ ಆಶ್ರಮಕ್ಕೆ ಹೋಗಿ ಅತ್ತೆಯ ತಲೆ ಬಾಚಿ ಬಂದಳು. ಬಸುರಿಯಾಗಿ ಐದು ತಿಂಗಳಾದಾಗ ಫೋನಿನಲ್ಲಿ, "ಹುಡುಗಿಯಾದ್ರೆ ನಿಮ್ಮ ಹೆಸರೇ, ಮಮ್ಮಿ" ಎಂದು ಮಾತು ಕೊಟ್ಟಳು. ಸೆವ್ರಿನ್ ಬಾಯಿ ಆ ಮಾತನ್ನು ಅಡುಗೆಯವಳಿಂದ ಹಿಡಿದು ವಾರಕ್ಕೊಮ್ಮೆ ಬರುವ ಡಾಕ್ಟರವರೆಗೆ ಎಲ್ಲರಿಗೂ ಹೇಳಿದಳು. ಹನ್ನೊಂದು ವರ್ಷದಲ್ಲಿ ಅವಳು ಮಕ್ಕಳಿಂದ ಬಯಸಿದ ಒಂದೇ ಒಂದು ಸಂಗತಿ ಅದು, ಮತ್ತು ಅದನ್ನೂ ಅವಳಾಗಿ ಕೇಳಿರಲಿಲ್ಲ.

ಡಿಂಫ್ನಾ ಎಂಬ ಹೆಸರು ಬಂದದ್ದು ಆಫೀಸಿನಿಂದ. ರಾಸ್ ಲಫಾನ್‌ನ ಗ್ಯಾಸ್ ಘಟಕಗಳಿಗೆ ಪೈಪ್ ಹಾಕುವ ಒಂದು ಗುತ್ತಿಗೆ ಕಂಪನಿಯಲ್ಲಿ ಡ್ಯಾರೆಲ್ ಡಾಕ್ಯುಮೆಂಟ್ ಕಂಟ್ರೋಲರ್. ಯಾವ ನಕ್ಷೆ ಹಳೆಯದು, ಯಾವುದು ಹೊಸದು, ಯಾರ ಸಹಿ ಬಾಕಿ ಎಂದು ನೋಡುವುದು ಅವನ ಕೆಲಸ. ಒಂಬತ್ತು ವರ್ಷದಲ್ಲಿ ಒಂದು ತಪ್ಪು ಕಾಗದ ಅವನ ಮೇಜು ದಾಟಿರಲಿಲ್ಲ. ಅಲ್ಲಿನ ಗುಣಮಟ್ಟ ವಿಭಾಗದ ಮುಖ್ಯಸ್ಥೆ ಡಿಂಫ್ನಾ ಕ್ವಿಲ್ಟಿ, ಐವತ್ತೆಂಟು ವರ್ಷದ ಐರಿಷ್ ಹೆಂಗಸು. ಎತ್ತರದ ಆಳು, ಮಿತವಾದ ಮಾತು. ಆಕೆ ಬಂದರೆ ಸಪ್ಲೈಯರುಗಳು ಎದ್ದು ನಿಲ್ಲುತ್ತಿದ್ದರು. ಆ ಹೆಸರಿಗೆ ಊರಿಲ್ಲ, ಕೇರಿಯಿಲ್ಲ, ಅದನ್ನು ಹೇಳಿ ನಗುವವರು ಯಾರೂ ಇಲ್ಲ ಎಂದು ಡ್ಯಾರೆಲ್‌ಗೆ ಅನ್ನಿಸಿತ್ತು. ಒಂದು ದಿನ ಅರ್ಥ ಕೇಳಿದ.

"ಜಿಂಕೆ ಮರಿ" ಎಂದಳು ಆಕೆ, ಕಾಗದದಿಂದ ತಲೆ ಎತ್ತದೆ. "ಹಳೆಯ ಹೆಸರು. ನಮ್ಮಲ್ಲೂ ಈಗ ಯಾರೂ ಇಡುವುದಿಲ್ಲ. ಒಬ್ಬ ಸಂತಳ ಹೆಸರು."

ಜಿಂಕೆ ಮರಿ, ಸಂತಳು, ಯಾರೂ ಇಡದ ಹೆಸರು. ಮೂರೂ ಅವನಿಗೆ ಸರಿಹೊಂದಿದವು. ಮಗು ಹುಟ್ಟಿದ ಎರಡನೆಯ ದಿನ, ಜೋಆನ್ ಇನ್ನೂ ಹಾಸಿಗೆಯಲ್ಲಿದ್ದಾಗ, ಅವನೇ ಹೋಗಿ ಜನನ ನೋಂದಣಿಯ ಫಾರ್ಮು ತುಂಬಿಸಿ ಬಂದ.

"ಮಮ್ಮಿಗೆ ಎಂತ ಹೇಳುದು?" ಎಂದು ಕೇಳಿದಳು ಜೋಆನ್.

"ಮಮ್ಮಿಗೆ ನೆನಪಿರುದಿಲ್ಲ."

"ನಿನಗೆ ನೆನಪುಂಟಲ್ಲ."

"ನನಗೆ ಇರುದ್ರಿಂದಲೇ ಇಟ್ಟದ್ದು."

ಚರ್ಚಿನ ಕಚೇರಿಯಲ್ಲಿ ಗುರುಗಳು ಅರ್ಜಿ ನೋಡಿ ಹುಬ್ಬೇರಿಸಿದರು. "ಅಪರೂಪದ ಹೆಸರು. ಈ ಸಂತಳ ಕತೆ ಗೊತ್ತಾ?" ಹಿಂದೆ ಹದಿನೈದು ಜನರ ಸಾಲಿತ್ತು. ಡ್ಯಾರೆಲ್, "ಗೊತ್ತು ಫಾದರ್" ಎಂದ. ಸಹಿ ಬಿತ್ತು.

ಜ್ಞಾನಸ್ನಾನದ ಊಟ ಓಲ್ಡ್ ಏರ್‌ಪೋರ್ಟ್ ಪ್ರದೇಶದ ಅವರ ಎರಡು ಕೋಣೆಯ ಫ್ಲ್ಯಾಟಿನಲ್ಲೇ. ಹದಿನೆಂಟು ಜನ ಸೇರಿದ್ದರು. ಚರ್ಚಿನಲ್ಲಿ ಮಗುವಿನ ಹೊಣೆ ಹೊತ್ತ ಜ್ಞಾನತಂದೆ ಮಾರಿಸ್, ಹಮದ್ ಬಂದರಿನಲ್ಲಿ ಕಂಟೇನರ್ ವಿಭಾಗದವನು, ಬಾಗಿಲಲ್ಲೇ ಶುರುಮಾಡಿದ್ದ.

"ಎಂತ ಹೆಸರು ಮಾರಾಯ ಇದು? ನನ್ನ ನಾಲಿಗೆಯೇ ಹೊರಳುದಿಲ್ಲ. ನಾಳೆ ಇವಳನ್ನು ಊಟಕ್ಕೆ ಕರೆದು ಮುಗಿಯುವಾಗ ಅನ್ನ ತಣಿದಿರ್ತದೆ."

"ನೀನು ಅಭ್ಯಾಸ ಮಾಡು. ಜ್ಞಾನತಂದೆ ಅಲ್ವಾ?" ಎಂದ ಡ್ಯಾರೆಲ್.

"ಜ್ಞಾನ ಇದ್ದಿದ್ರೆ ಕುರಿ ಮಾಂಸಕ್ಕೆ ನಮ್ಮೂರ ಹಂದಿ ಸಾರಿನ ಬಾಫಾತ್ ಪುಡಿ ಹಾಕಿ ಹಂದಿ ಅಂತ ನಂಬಿಸ್ಕೊಂಡು ತಿಂತಿದ್ನಾ? ಯಲ್ಲಾ, ಬಡಿಸಿ" ಎಂದು ಅರಬ್ಬಿಯಲ್ಲೇ ಅವಸರಿಸಿದ ಮಾರಿಸ್.

ಒಂದೂವರೆಗೆ ಆಶ್ರಮದಿಂದ ರೆಮಿಜಿಯಸ್‌ನ ವಿಡಿಯೊ ಕರೆ ಬಂತು. ಊರಿನಲ್ಲಿ ಆಗ ನಾಲ್ಕು ಗಂಟೆ. ಡ್ಯಾರೆಲ್ ಅಣ್ಣನಿಗೆ ಎರಡೆರಡು ಸಲ ಹೇಳಿದ್ದ: ಇವತ್ತು ಫೋನ್ ಬೇಡ, ನಿಧಾನಕ್ಕೆ ತಿಳಿಸೋಣ. ರೆಮಿಜಿಯಸ್‌ಗೆ ಅದು ಆಗಲಿಲ್ಲ. ಬೆಳಿಗ್ಗೆ ಆರರಿಂದ ಮಿಂದು ತಯಾರಾಗಿ ಕೂತ ತಾಯಿಯನ್ನು ಅವನು ಹೇಗೆ ತಡೆಯುವುದು? ಜೋಆನ್ ಫೋನ್ ಎತ್ತಿದಳು. ಮತ್ತೆ, ಯಾರೂ ಕೇಳದಿದ್ದರೂ, ಅದನ್ನು ಟಿವಿಯ ಪಕ್ಕ ನೀರಿನ ಜಗ್ಗಿಗೆ ಒರಗಿಸಿ ಇಟ್ಟಳು. ಎಲ್ಲರಿಗೂ ಕಾಣುವ ಹಾಗೆ.

ಪರದೆಯ ಮೇಲೆ ಸೆವ್ರಿನ್ ಬಾಯಿ. ಅಗಲ ಅಂಚಿನ ಸೀರೆ, ಎಣ್ಣೆ ಹಚ್ಚಿ ಬಿಗಿಯಾಗಿ ಬಾಚಿದ ಬಿಳಿ ಕೂದಲು. ಹಿಂದೆ ಒಂದೇ ಬಗೆಯ ನೀಲಿ ನಿಲುವಂಗಿ ತೊಟ್ಟ ಹತ್ತೋ ಹನ್ನೆರಡೋ ಹೆಂಗಸರು, ನಡುವೆ ಒಬ್ಬ ಸಿಸ್ಟರ್. ಒಬ್ಬಳು ಚಪ್ಪಾಳೆ ತಟ್ಟುತ್ತಿದ್ದಳು, ನಿಲ್ಲಿಸುತ್ತಿರಲಿಲ್ಲ. ಫ್ಲ್ಯಾಟಿನಲ್ಲಿ ಮಾತು ಒಂದೊಂದಾಗಿ ಕಡಿಮೆಯಾಯಿತು. ಮಾರಿಸ್ ತಟ್ಟೆ ಹಿಡಿದು ನಿಂತವನು ಪರದೆಯನ್ನೂ ಡ್ಯಾರೆಲ್‌ನನ್ನೂ ನೋಡಿದ.

"ಎಲ್ಲಿ ನನ್ನ ಹೆಸರಿನವಳು? ತೋರಿಸಿ" ಎಂದಳು ಸೆವ್ರಿನ್ ಬಾಯಿ.

ಜೋಆನ್ ಮಗುವನ್ನು ತಂದು ತೋರಿಸಿದಳು.

"ಸೆವ್ರಿನಾ! ಓ ಸೆವ್ರಿನಾ! ನೋಡು, ತುಟಿ ನಮ್ಮದೇ."

"ಹೆಸರು ನೀನೇ ಹೇಳು, ಡ್ಯಾರೆಲ್" ಎಂದು ಜೋಆನ್ ಪಕ್ಕಕ್ಕೆ ಸರಿದಳು. "ನಾನು ಇಟ್ಟದ್ದಲ್ಲ."

ಡ್ಯಾರೆಲ್ ಮುಂದೆ ಬಂದ. "ಮಮ್ಮಿ, ಸ್ವಲ್ಪ ಬೇರೆ ಹೆಸರು. ಡಿಂಫ್ನಾ. ಇಲ್ಲಿಯ ಮಕ್ಕಳಿಗೆ ಈಗ ಎಲ್ಲಾ ಹೀಗೇ ಇಡುದು. ಜಿಂಕೆ ಮರಿ ಅಂತ ಅರ್ಥ. ಐರ್ಲೆಂಡಿನ ಸಂತ."

ಅವನು ಎರಡರಲ್ಲಿ ಒಂದನ್ನು ನಿರೀಕ್ಷಿಸಿದ್ದ: ಅಳು ಇಲ್ಲವೇ ಕೂಗಾಟ. ಎರಡಕ್ಕೂ ಉತ್ತರ ಸಿದ್ಧವಿತ್ತು. ಸೆವ್ರಿನ್ ಬಾಯಿ ಮಾತ್ರ ಕತ್ತು ಓರೆಮಾಡಿ, ಕಿವಿ ಹತ್ತಿರ ತಂದು, "ಯಾರು ಅಂದಿ?" ಎಂದಳು.

"ಡಿಂಫ್ನಾ."

ಹಿಂದೆ ಸಿಸ್ಟರರ ಮುಖ ಬದಲಾಯಿತು. ಸೆವ್ರಿನ್ ಬಾಯಿ ರೆಮಿಜಿಯಸ್‌ನ ಕೈಯಿಂದ ಫೋನ್ ಕಿತ್ತುಕೊಂಡು ನಡೆಯತೊಡಗಿದಳು. ಪರದೆಯಲ್ಲಿ ನೆಲ, ಸೀರೆಯ ಅಂಚು, ಒಂದು ಬಾಗಿಲು, ಮತ್ತೆ ನೆಲ. ಆಮೇಲೆ ಚಿತ್ರ ನಿಂತಿತು. ಗೋಡೆಯ ಮೇಲೆ ಗಾಜು ಹಾಕಿದ ಪಟ. ಕಿರೀಟ ತೊಟ್ಟ ಹುಡುಗಿ, ಹದಿನೈದರ ಪ್ರಾಯ. ಕೈಯಲ್ಲಿ ಕತ್ತಿ, ಕಾಲ ಬುಡದಲ್ಲಿ ಸರಪಳಿ ಬಿಗಿದ ಸೈತಾನ. ಮುಂದೆ ದೀಪ.

"ನೋಡು ಪುತಾ" ಎಂದಿತು ತಾಯಿಯ ದನಿ, ಮಗನನ್ನು ಕರೆದು. "ಇವಳೇ ಅಲ್ವಾ? ಹನ್ನೊಂದು ವರ್ಷ ಆಯ್ತು, ದಿನಾ ಸಂಜೆ ನಾವು ಇವಳ ಮುಂದೆ ಮೊಣಕಾಲೂರುದು. ತಲೆ ಸರಿ ಇಲ್ಲದವರ ಸಂತ ಇವಳು. ನಮಗೆ ಬೇರೆ ಯಾರೂ ಇಲ್ಲ, ಇವಳೇ ಇರುದು. ನನ್ನ ಹೆಸರು ನಿನಗೆ ಬೇಡ, ಆಯ್ತು. ನನ್ನ ಕಾಯಿಲೆ ಯಾಕೆ ಕೊಟ್ಟಿ ಮಗುವಿಗೆ?"

ಯಾರೋ ಫೋನ್ ತೆಗೆದುಕೊಂಡರು. ಕರೆ ನಿಂತಿತು.

ಮಾರಿಸ್ ತಟ್ಟೆಯನ್ನು ಮೆಲ್ಲಗೆ ಮೇಜಿನ ಮೇಲಿಟ್ಟ. "ಶುಗರ್ ಅಂದಿದ್ದೆ ನೀನು" ಎಂದ, ಅಷ್ಟೇ. ಅವನ ಧ್ವನಿಯಲ್ಲಿ ತಮಾಷೆ ಇರಲಿಲ್ಲ. ಮೂರು ಗಂಟೆಯ ಹೊತ್ತಿಗೆ ಎಲ್ಲರೂ ಹೊರಟರು. ಹೋಗುವಾಗ ಪ್ರತಿಯೊಬ್ಬರೂ ಡ್ಯಾರೆಲ್‌ನ ಭುಜ ತಟ್ಟಿದರು, ಸಾವಿನ ಮನೆಯಲ್ಲಿ ತಟ್ಟುವ ಹಾಗೆ.

"ಬೇಕಂತಲೇ ಫೋನ್ ಅಲ್ಲಿಟ್ಟೆ ನೀನು" ಎಂದ ಅವನು, ಉಳಿದ ಇಡ್ಲಿಯಂಥ ಸಾನ್ನಗಳನ್ನು ಡಬ್ಬಿಗೆ ತುಂಬುತ್ತಿದ್ದ ಹೆಂಡತಿಗೆ.

"ಹೌದು."

"ಯಾಕೆ?"

"ನಾನು ಮಾತು ಕೊಟ್ಟದ್ದು. ನೀನು ಮುರಿದದ್ದು. ಮುರಿದವನೇ ಎಲ್ಲರ ಮುಂದೆ ಹೇಳ್ಲಿ ಅಂತ." ಅವಳು ಡಬ್ಬಿಯ ಮುಚ್ಚಳ ಒತ್ತಿದಳು. "ಆ ಸಂತ ಯಾರು ಅಂತ ನನಗೂ ಗೊತ್ತಿರ್ಲಿಲ್ಲ. ಆಶ್ರಮಕ್ಕೆ ನಾಲ್ಕು ಸಲ ಹೋಗಿದ್ದೇನೆ, ಪ್ರಾರ್ಥನಾ ಕೋಣೆಗೆ ಕಾಲಿಟ್ಟಿಲ್ಲ. ನೀನಂತೂ ಸೇರಿಸಿ ಬಂದ ಮೇಲೆ ಗೇಟು ದಾಟಿಲ್ಲ. ಫಾರ್ಮಿನಲ್ಲಿ ಎರಡನೇ ಹೆಸರಿಗೆ ಜಾಗ ಇತ್ತು, ಡ್ಯಾರೆಲ್. ಖಾಲಿ ಬಿಟ್ಟು ಬಂದಿ."

ದೋಹಾದಲ್ಲಿ ಕೆಲಸದ ವಾರ ಶುರುವಾಗುವುದು ಭಾನುವಾರ; ಅಂದು ಆಫೀಸು ತೆರೆದ ಕೂಡಲೇ ಡ್ಯಾರೆಲ್ ಡಿಂಫ್ನಾ ಕ್ವಿಲ್ಟಿಯ ಕೋಣೆಗೆ ಹೋದ. ಮಗುವಿಗೆಂದು ಆಕೆ ತಂದಿದ್ದ ಉಣ್ಣೆಯ ಹೊದಿಕೆ ಮೇಜಿನ ಮೇಲಿತ್ತು. ಆ ಸಂತಳ ಕತೆ ಏನೆಂದು ಅವನು ಕೂರದೆ ಕೇಳಿದ. ಆಕೆ ಕನ್ನಡಕ ತೆಗೆದು, ಕೇಳಿದ್ದಕ್ಕೆಲ್ಲ ಕ್ರಮವಾಗಿ ಉತ್ತರ ಕೊಟ್ಟಳು.

ದಾವ್ನಿತ್ ಎಂಬ ಹಳೆಯ ಐರಿಷ್ ಹೆಸರು ಲ್ಯಾಟಿನ್ನಿನಲ್ಲಿ ಡಿಂಫ್ನಾ ಆಗಿದೆ. ಆ ಸಂತಳು ಏಳನೆಯ ಶತಮಾನದ ಒಬ್ಬ ಪಾಳೆಯಗಾರನ ಮಗಳು ಎಂದು ಕತೆ. ಅದು ಬರಹಕ್ಕಿಳಿದದ್ದು ಹದಿಮೂರನೆಯ ಶತಮಾನದಲ್ಲಿ, ಹಾಗಾಗಿ ಎಷ್ಟು ನಿಜ ಎಂದು ಯಾರೂ ಹೇಳಲಾರರು. ಹೆಂಡತಿ ಸತ್ತ ದುಃಖಕ್ಕೆ ತಂದೆಗೆ ಬುದ್ಧಿ ಕೆಟ್ಟಿತು. ತಾಯಿಯನ್ನೇ ಹೋಲುತ್ತಿದ್ದ ಮಗಳನ್ನು ಮದುವೆಯಾಗಲು ಹೊರಟ. ಅವಳು ಒಬ್ಬ ಮುದಿ ಪಾದ್ರಿಯೊಡನೆ ಸಮುದ್ರ ದಾಟಿ ಈಗಿನ ಬೆಲ್ಜಿಯಂನ ಗೇಲ್ ಎಂಬ ಊರಿಗೆ ಓಡಿಹೋದಳು. ತಂದೆ ಹುಡುಕಿಕೊಂಡು ಬಂದು ತಲೆ ಕಡಿದ. ಅವಳ ಸಮಾಧಿಗೆ ಮನಸ್ಸಿನ ಕಾಯಿಲೆಯವರನ್ನು ಕರೆತರುವ ಪದ್ಧತಿ ಬೆಳೆಯಿತು. ಬಂದವರಿಗೆ ಚರ್ಚಿನಲ್ಲಿ ಜಾಗ ಸಾಲದಾದಾಗ ಊರವರು ತಂತಮ್ಮ ಮನೆಗಳಲ್ಲಿ ಇರಿಸಿಕೊಂಡರು. ನೂರಾರು ವರ್ಷವಾಯಿತು, ಇಂದಿಗೂ ಅಲ್ಲಿ ಕೆಲವು ಮನೆಗಳಲ್ಲಿ ಅಂಥವರು ಮನೆಯವರಂತೆ ಇದ್ದಾರೆ. ಅದೇ ಟೇಬಲ್ಲು, ಅದೇ ಊಟ.

"ಇದನ್ನು ನೀವು ಆವತ್ತೇ ಹೇಳಬಹುದಿತ್ತು" ಎಂದ ಡ್ಯಾರೆಲ್.

"ನೀವು ಅರ್ಥ ಕೇಳಿದಿರಿ, ಅರ್ಥ ಹೇಳಿದೆ. ಮಗುವಿಗೆ ಇಡುತ್ತೀರಿ ಎಂದು ನೀವು ಹೇಳಲಿಲ್ಲ." ಆಕೆ ಕನ್ನಡಕ ಮತ್ತೆ ಹಾಕಿಕೊಂಡಳು. "ಆಮೇಲೆ ಗೊತ್ತಾದಾಗ, ಕ್ಯಾಥೊಲಿಕರಲ್ಲವೇ, ತಿಳಿದೇ ಇಟ್ಟಿದ್ದೀರಿ ಅಂದುಕೊಂಡೆ. ನಿಜ ಹೇಳಬೇಕೆಂದರೆ, ಅದಕ್ಕೇ ನಿಮ್ಮ ಮೇಲೆ ಗೌರವ ಬಂದಿತ್ತು. ನಮ್ಮ ಜಿಲ್ಲೆಯಲ್ಲಿ ಹುಚ್ಚಾಸ್ಪತ್ರೆಗೂ ಈ ಸಂತಳದೇ ಹೆಸರು. ಶಾಲೆಯಲ್ಲಿ ನನ್ನನ್ನು ಎಷ್ಟು ಕಾಡಿದರೆಂದರೆ, ಮಗಳಿಗೆ ನಾನು ಸೋಫಿ ಎಂದು ಇಟ್ಟೆ. ಡಿಂಫ್ನಾ ನನ್ನ ಅಜ್ಜಿಯ ಹೆಸರಾಗಿತ್ತು."

ಡ್ಯಾರೆಲ್ ಹೊದಿಕೆ ತೆಗೆದುಕೊಂಡು ಥ್ಯಾಂಕ್ಸ್ ಹೇಳಿ ಬಂದ.

ಮುಂದಿನ ಶುಕ್ರವಾರ ಅವನು ಚರ್ಚಿನ ಕಚೇರಿಯಲ್ಲಿ ಹೆಸರು ಬದಲಿಸಲಾಗುತ್ತದೆಯೇ ಎಂದು ವಿಚಾರಿಸಿದ. ಗುಮಾಸ್ತ ಜ್ಞಾನಸ್ನಾನದ ಪುಸ್ತಕ ತೆಗೆಯಲಿಲ್ಲ. ಸರ್ಕಾರಿ ಕಾಗದದಲ್ಲಿ ಬದಲಾಯಿಸಿ ತಂದರೆ ಪಕ್ಕದಲ್ಲಿ ಒಂದು ಟಿಪ್ಪಣಿ ಬರೆಯಬಹುದು; ಬರೆದದ್ದನ್ನು ಅಳಿಸುವುದಿಲ್ಲ ಎಂದ. ಸರ್ಕಾರಿ ಕಾಗದ ಬದಲಾಯಿಸಲು ಏನೇನು ಬೇಕೆಂದು ಡ್ಯಾರೆಲ್‌ಗೆ ಅವನಿಗಿಂತ ಚೆನ್ನಾಗಿ ಗೊತ್ತಿತ್ತು. ಅರ್ಜಿಯ ಕಾರಣದ ಕಲಂನಲ್ಲಿ ಏನು ಬರೆಯುವುದೆಂದು ಮಾತ್ರ ಗೊತ್ತಾಗಲಿಲ್ಲ.

ಮೇ ಹದಿನೈದು ಆ ಸಂತಳ ಹಬ್ಬ. ಆಶ್ರಮದಲ್ಲಿ ಪೂಜೆ, ಮಧ್ಯಾಹ್ನ ಸಿಹಿಯೂಟ. ಅಂದು ಸೆವ್ರಿನ್ ಬಾಯಿ ಪ್ರಾರ್ಥನಾ ಕೋಣೆಗೆ ಹೋಗಲಿಲ್ಲ. ಊಟ ಮಾಡುತ್ತಾರೆ, ಮಾತ್ರೆ ತೆಗೆದುಕೊಳ್ಳುತ್ತಾರೆ, ಫೋನ್ ಮಾತ್ರ ಬೇಡ ಅನ್ನುತ್ತಾರೆ ಎಂದು ಸಿಸ್ಟರ್ ರೆಮಿಜಿಯಸ್‌ಗೆ ತಿಳಿಸಿದರು. ರೆಮಿಜಿಯಸ್ ಅದನ್ನು ತಮ್ಮನಿಗೆ ಮೆಸೇಜ್ ಮಾಡಿದ, ಬೇರೆ ಒಂದು ಮಾತೂ ಸೇರಿಸದೆ.

ಜುಲೈ ಮೂರಕ್ಕೆ ಜೋಆನ್ ಮಗುವನ್ನು ಕರೆದುಕೊಂಡು ಮಂಗಳೂರಿಗೆ ಹೋದಳು. ವಿಮಾನ ನಿಲ್ದಾಣದಿಂದ ನೇರ ಕಾರ್ಕಳಕ್ಕೆ ಹೋಗುವುದಾಗಿ ಹೇಳಿದ್ದಳು. ಡ್ಯಾರೆಲ್‌ಗೆ ಇಪ್ಪತ್ತೆರಡು ದಿನದ ರಜೆ ಬಾಕಿಯಿತ್ತು. ಅವನು ಅರ್ಜಿ ಹಾಕಲಿಲ್ಲ.