ಪದರ ನಾಲ್ಕರ ಅಕ್ಕ

ನಾನು ಒಂದು ಕಲ್ಲಿನ ಕೊಡಲಿ. ಸಂಗನದಿನ್ನಿಯ ಹೆಂಗಸರು ಮಾತ್ರ ನನ್ನನ್ನು ಅಕ್ಕ ಅನ್ನುತ್ತಾರೆ. ಎರಡೂ ನಿಜವೇ. ಆದರೆ ಈ ಎರಡು ಹೆಸರಿನ ನಡುವೆ ಸಿಕ್ಕಿಕೊಂಡು ನಾನು ಪಟ್ಟ ಪಾಡು ಯಾವ ಕಲ್ಲಿಗೂ ಬೇಡ.

ಹುಟ್ಟಿದ್ದು ಗುಡ್ಡದ ನೆತ್ತಿಯ ಕರಿಕಲ್ಲಿನಲ್ಲಿ. ಒಬ್ಬ ಗಿಡ್ಡ ಮನುಷ್ಯ ನನ್ನನ್ನು ಬಂಡೆಯಿಂದ ಒಡೆದು ತೆಗೆದ, ಚಕ್ಕೆ ಚಕ್ಕೆ ಹಾರಿಸಿ ಆಕಾರ ಕೊಟ್ಟ, ಆಮೇಲೆ ನೀರು ಮರಳು ಹಾಕಿ ಹಾಸುಬಂಡೆಯ ಮೇಲೆ ದಿನಗಟ್ಟಲೆ ತಿಕ್ಕಿದ. ಅವನ ಹೆಸರು ಕೇಳಬೇಡಿ. ಕೊಡಲಿಗೆ ಯಾರು ತಮ್ಮ ಹೆಸರು ಹೇಳುತ್ತಾರೆ? ಅವನ ಕೈಯಲ್ಲೂ ಅವನ ಮಕ್ಕಳ ಕೈಯಲ್ಲೂ ಮರ ಕಡಿದೆ, ಮೂಳೆ ಸೀಳಿದೆ, ಒಮ್ಮೆ ನನ್ನ ಅಂಚಿನಿಂದಲೇ ಉಗುರಿನಷ್ಟು ಚೂರು ಕಳೆದುಕೊಂಡೆ. ಮುಂದೆ ಕಬ್ಬಿಣ ಬಂತು. ಕಬ್ಬಿಣ ಬಂದ ಮೇಲೆ ಕಲ್ಲನ್ನು ಕೇಳುವವರು ಯಾರು? ತಿಪ್ಪೆ ಸೇರಿದೆ, ಮೇಲೆ ಮಣ್ಣು ಬಿತ್ತು.

ಸಾವಿರಾರು ವರ್ಷ ಮಲಗಿದ್ದವಳು ಒಂದು ಮುಂಗಾರಿನಲ್ಲಿ ನೇಗಿಲಿಗೆ ಸಿಕ್ಕಿ ಮೇಲೆ ಬಂದೆ. ಇಷ್ಟು ನುಣುಪಾದ ಕಲ್ಲು ಹೊಲದಲ್ಲಿ ಬೆಳೆಯುವುದಿಲ್ಲ, ಸಿಡಿಲಿನ ಜೊತೆ ಬಿದ್ದದ್ದು ಅಂದರು ಊರವರು. ನನ್ನಂಥವೇ ಇನ್ನೂ ಆರು ಸಿಕ್ಕಿದ್ದವು. ಏಳನ್ನೂ ಬೇವಿನ ಮರದ ಕಟ್ಟೆಯ ಮೇಲೆ, ಹಸಿ ಗಾರೆಯಲ್ಲಿ ಕುಳಿ ಮಾಡಿ ಕೂಡಿಸಿದರು. ನಾವು ಏಳು ಜನ ಅಕ್ಕತಂಗಿಯರಾದೆವು. ಗಂಡಸರ ಕೊಡಲಿ ಹೋಗಿ ಹೆಂಗಸರ ಅಕ್ಕ! ನಾನೇನೂ ಬೇಡ ಅನ್ನಲಿಲ್ಲ. ಎಣ್ಣೆ ಅರಿಶಿನ ಯಾರಿಗೆ ಕಹಿ?

ನಾನು ಮೂರನೆಯವಳು, ಹೆರಿಗೆ ಅಕ್ಕ. ಊರಲ್ಲಿ ಯಾರಿಗೆ ನೋವು ಬಂದರೂ ನನ್ನನ್ನು ಕುಳಿಯಿಂದೆತ್ತಿ, ಜೋಳ ತುಂಬಿದ ಮೊರದಲ್ಲಿಟ್ಟು ಅವಳು ಮಲಗಿದ ಹೊರಸಿನ ಕೆಳಗೆ ಸರಿಸುತ್ತಿದ್ದರು. ಎಷ್ಟು ತಾಯಂದಿರ ಹಿಮ್ಮಡಿ ನೋಡಿದೆನೋ ಲೆಕ್ಕವಿಲ್ಲ, ಮುಖ ನೋಡಿದ್ದು ಕಡಿಮೆ. ಮಗು ಅತ್ತ ಮೇಲೆ ಮತ್ತೆ ಕಟ್ಟೆಗೆ ತರುತ್ತಿದ್ದರು. ಯುಗಾದಿ ಅಮಾವಾಸ್ಯೆಗೆ ಏಳೂ ಜನರಿಗೆ ಸ್ನಾನ. ಆ ಕೆಲಸ ವರ್ಷಕ್ಕೊಂದು ಮನೆಯ ಪಾಲು.

ಹೀಗಿರುವಾಗ ಊರ ಪಕ್ಕದ ದಿನ್ನೆಯನ್ನು ಅಗೆದು ನೋಡಲು ಗಲಗಲಿ ಸಾಹೇಬರು ಬಂದರು. ಹಳೇ ಜನ ಹೇಗೆ ಬದುಕಿದ್ದರು ಅನ್ನುವುದನ್ನು ಮಣ್ಣಿನ ಪದರ ಬಿಡಿಸಿ ಹೇಳುವ ವಿದ್ವಾಂಸರು. ಮೊದಲ ದಿನವೇ ಕೂಲಿಯವರನ್ನೆಲ್ಲ ನಿಲ್ಲಿಸಿ, ಇಲ್ಲಿ ಸಿಕ್ಕ ಒಂದು ಚೂರನ್ನೂ ಮನೆಗೆ ಒಯ್ಯುವಂತಿಲ್ಲ, ಒಯ್ದರೆ ಜೈಲು ಅಂತ ಎಚ್ಚರಿಸಿದರು. ಅವರ ಕೈಕೆಳಗೆ ಸಂಶೋಧನೆ ಮಾಡುತ್ತಿದ್ದ ಹುಡುಗಿ ಕುಮುದಾ, ಮೈಸೂರಿನ ಕಡೆಯವಳು. ಸಿಕ್ಕಿದ್ದನ್ನೆಲ್ಲ ನೋಟ್‌ಬುಕ್ಕಿನಲ್ಲಿ ಬರೆಯುವುದು ಅವಳ ಪಾಲು. ಸಿಕ್ಕ ಮಡಕೆ ಚೂರುಗಳನ್ನು ತೊಳೆಯುವ ಕೆಲಸ ಹುಲಿಗೆಮ್ಮನದು.

ಈ ಹುಲಿಗೆಮ್ಮ ಕೈ ಬಾಯಿ ಎರಡೂ ಚುರುಕಿನ ಹೆಂಗಸು. ಆ ವರ್ಷ ಅಕ್ಕಂದಿರ ಸ್ನಾನ ಅವಳ ಮನೆಯ ಪಾಲಿಗೆ ಬಂದಿತ್ತು. ನಮ್ಮ ಮೈಮೇಲೆ ವರ್ಷಗಳ ಎಣ್ಣೆ ಹೆಪ್ಪುಗಟ್ಟಿತ್ತು, ತೆಂಗಿನ ನಾರಿಗೆ ಜಗ್ಗುತ್ತಿರಲಿಲ್ಲ. ಅಗೆತದ ಹತ್ತಿರ ಟಬ್ಬು ತುಂಬ ನೀರಿದೆ, ಬ್ರಷ್ ಇದೆ. ಅಲ್ಲೇ ತಿಕ್ಕಿದರಾಯಿತು ಅಂದುಕೊಂಡು ಏಳೂ ಜನರನ್ನು ಬುಟ್ಟಿಯಲ್ಲಿ ಹೊತ್ತುಕೊಂಡು ಹೋದಳು. ಮಧ್ಯಾಹ್ನದ ಊಟದ ಹೊತ್ತಿಗೆ ತಿಕ್ಕಿ, ಮಡಕೆ ಚೂರು ಒಣಗಿಸುವ ತಟ್ಟೆಗಳ ಪಕ್ಕದಲ್ಲೇ ಬಿಸಿಲಿಗಿಟ್ಟಳು. ಯಾರೋ ಕರೆದರು, ಎದ್ದು ಹೋದಳು. ಬರುವಷ್ಟರಲ್ಲಿ ನಾನು ಉರುಳಿ ಪಕ್ಕದ ತಟ್ಟೆಗೆ ಬಿದ್ದಿದ್ದೆ. ಅವಳು ಅವಸರದಲ್ಲಿ ಉಳಿದವರನ್ನು ಬುಟ್ಟಿಗೆ ತುಂಬಿಕೊಂಡು ನಡೆದಳು.

ಆ ತಟ್ಟೆಯ ಚೀಟಿಯಲ್ಲಿ ಪದರ ನಾಲ್ಕು ಅಂತಿತ್ತು. ಕುಮುದಾ ಬಂದು ಚೂರುಗಳಿಗೆಲ್ಲ ಸಣ್ಣ ಲೇಖನಿಯಿಂದ ಕಪ್ಪು ಮಸಿಯಲ್ಲಿ ಅದೇ ಅಂಕಿ ಬರೆದಳು, ನನಗೂ ಬರೆದಳು, ಮಸಿ ಅಳಿಸದಿರಲೆಂದು ಮೇಲೆ ಬಣ್ಣವಿಲ್ಲದ ನೇಲ್ ಪಾಲಿಶ್ ಬಳಿದಳು. ಆಮೇಲೆ ನೋಟ್‌ಬುಕ್ ತೆರೆದರೆ ಅದರಲ್ಲಿ ಕೊಡಲಿಯ ಸುದ್ದಿಯೇ ಇಲ್ಲ. ತಾನೇ ಬರೆಯಲು ಮರೆತೆನೆಂದುಕೊಂಡಳು. ಸುತ್ತ ನೋಡಿದಳು. ಎರಡು ಸಾಲಿನ ನಡುವೆ ಸಣ್ಣ ಅಕ್ಷರದಲ್ಲಿ ನನ್ನನ್ನು ತುರುಕಿದಳು, ಆಳವನ್ನೂ ಅಂದಾಜಿಗೆ ಬರೆದಳು.

ಗಲಗಲಿ ಸಾಹೇಬರು ನನ್ನನ್ನು ನೋಡಿ ಕುಣಿಯುವುದೊಂದು ಬಾಕಿ. ಪದರ ನಾಲ್ಕು ಕಬ್ಬಿಣ ಬಳಸಿದವರದು. ಕಬ್ಬಿಣ ಬಂದಾಗ ಹಳಬರು ಓಡಿಹೋಗಲಿಲ್ಲ, ಕಲ್ಲನ್ನು ಬಿಡದೆ ಇಲ್ಲೇ ಬದುಕಿದರು ಅಂತ ಅವರು ಇಪ್ಪತ್ತು ವರ್ಷದಿಂದ ವಾದಿಸುತ್ತಿದ್ದರು. ಈಗ ಸಾಕ್ಷಿ ಸಿಕ್ಕಿತಲ್ಲ! ಲೇಖನ ಬರೆದು ಅಚ್ಚಿಗೂ ಕಳಿಸಿಬಿಟ್ಟರು. ಕಲ್ಲನ್ನು ಬಿಡದ ಜನ ಅಲ್ಲೇ ಕೂತು ಅವರ ಮಡಕೆ ಚೂರು ತೊಳೆಯುತ್ತಿದ್ದರು. ಅವರನ್ನು ಒಂದು ಮಾತು ಕೇಳಬೇಕು ಅಂತ ಆ ಪುಣ್ಯಾತ್ಮರಿಗೆ ಹೊಳೆಯಲೇ ಇಲ್ಲ.

ಇತ್ತ ಹುಲಿಗೆಮ್ಮ ಕಟ್ಟೆಗೆ ಹೋಗಿ ಎಣಿಸಿದರೆ ಆರೇ ಜನ. ಮೂರನೆಯ ಕುಳಿಯ ಮೇಲೆ ಬೇವಿನ ಸೊಪ್ಪು ಮುಚ್ಚಿ, ಯಾರಿಗೂ ಹೇಳದೆ ದಾರಿಯ ಮುಳ್ಳುಕಂಟಿಯನ್ನೆಲ್ಲ ಎಂಟು ದಿನ ಹುಡುಕಿದಳು. ಒಂಬತ್ತನೆಯ ದಿನ ಸಾಹೇಬರು ಮೇಜಿನ ಮೇಲೆ ನನ್ನನ್ನಿಟ್ಟು ಬಂದವರಿಗೆ ತೋರಿಸುತ್ತಿದ್ದಾಗ ನನ್ನ ಮುರುಕು ಅಂಚು ಅವಳ ಕಣ್ಣಿಗೆ ಬಿತ್ತು. ಅವಳು ತಲೆ ಬಗ್ಗಿಸಿ ಚೂರು ತೊಳೆಯುತ್ತಲೇ ಇದ್ದಳು. ಬಾಯಿ ಬಿಡಲಿಲ್ಲ. ಹೇಳಿದರೆ ಊರ ಹೆಂಗಸರ ಮುಂದೆ ತಲೆ ಎತ್ತುವಂತಿಲ್ಲ, ಎತ್ತಿಕೊಂಡು ಹೋದರೆ ಜೈಲು. ಬಿಸಿ ತುಪ್ಪ, ನುಂಗುವಂತಿಲ್ಲ, ಉಗುಳುವಂತಿಲ್ಲ.

ಅವಳ ಸಂಕಟ ಬರೀ ಮಾನದ್ದಲ್ಲ. ಮಗಳು ದ್ಯಾವಮ್ಮ ಹೆರಿಗೆಗೆ ತವರಿಗೆ ಬಂದಿದ್ದಳು. ಗಂಡನ ಊರಲ್ಲಿ ಎರಡು ಕೂಸು ಹೊಟ್ಟೆಯಲ್ಲೇ ಹೋಗಿದ್ದವು. ಅಲ್ಲಿ ಅಕ್ಕ ಇರಲಿಲ್ಲ, ಅದಕ್ಕೇ ಹೋದವು ಅಂತ ಆ ಹುಡುಗಿ ಗಟ್ಟಿಯಾಗಿ ನಂಬಿದ್ದಳು.

ಅಗೆತದ ಕೊನೆಯ ದಿನ. ಪೆಟ್ಟಿಗೆಗಳಿಗೆ ಮೊಳೆ ಹೊಡೆಯುತ್ತಿದ್ದರು, ಲಾರಿ ಬಂದು ನಿಂತಿತ್ತು. ನನ್ನನ್ನು ಹತ್ತಿಯಲ್ಲಿ ಸುತ್ತಿ ಪೆಟ್ಟಿಗೆಯಲ್ಲಿಟ್ಟಿದ್ದರು, ಮುಚ್ಚಳವೊಂದು ಬಾಕಿ. ಅಷ್ಟರಲ್ಲಿ ಹುಲಿಗೆಮ್ಮ ತಲೆಯ ಸೆರಗಿನ ಪರಿವೆಯಿಲ್ಲದೆ ಓಡಿ ಬಂದಳು.

"ಸಾಹೇಬ್ರ, ಆ ಪೆಟ್ಟಿಗಿ ಮುಚ್ಚಬ್ಯಾಡ್ರಿ. ಅದರಾಗ ನಮ್ಮ ಅಕ್ಕ ಅದಾಳ."

ಉಸಿರು ಹಿಡಿಯದೆ ಎಲ್ಲ ಹೇಳಿದಳು. ಟಬ್ಬು, ಬ್ರಷ್, ಉರುಳಿಬಿದ್ದ ನಾನು. ಮಗಳಿಗೆ ಬೆಳಗ್ಗೆಯಿಂದ ನೋವು. ಆಂಬುಲೆನ್ಸ್ ಬಾಗಿಲಿಗೆ ಬಂದು ನಿಂತಿದೆ. ಅಕ್ಕನನ್ನು ತಂದರೇ ಹತ್ತುತ್ತೇನೆ ಅಂತ ಮಗಳು ಬಾಗಿಲ ಚೌಕಟ್ಟು ಹಿಡಿದುಕೊಂಡು ಕೂತುಬಿಟ್ಟಿದ್ದಾಳೆ. ನಾಲ್ಕು ಜನ ಎಳೆದರೂ ಕೈ ಬಿಡುತ್ತಿಲ್ಲ, ನೀರು ಒಡೆದು ಗಂಟೆಯಾಯಿತು.

ಗಲಗಲಿ ಸಾಹೇಬರು ಕೆಟ್ಟವರಲ್ಲ. ಅವರ ಮುಖ ಕಪ್ಪಿಟ್ಟಿತು. ಗಾಬರಿಯಲ್ಲಿ ನಿಮಗೆ ಹಾಗೆ ಕಾಣಿಸುತ್ತಿದೆ, ಇಂಥ ಕಲ್ಲು ಈ ಸೀಮೆಯಲ್ಲಿ ನೂರಿವೆ, ಬೇರೆ ಯಾವುದಾದರೂ ಒಯ್ಯಿರಿ ಅಂದರು. ಬೇರೆ ಕಲ್ಲು ನಮ್ಮ ಅಕ್ಕ ಅಲ್ಲ, ಮುಟ್ಟಿದರೆ ಮಗಳಿಗೆ ಗೊತ್ತಾಗುತ್ತದೆ ಅಂದಳು ಇವಳು. ಕೊನೆಗೆ ಅವರು ತಿರುಗಿ, "ಕುಮುದಾ, ನೋಟ್‌ಬುಕ್ಕಿನಾಗ ಇದ್ದದ್ದು ಓದ್ರಿ. ಆಕೀಗೂ ಸಮಾಧಾನ ಆಗ್ಲಿ" ಅಂದರು.

ಕುಮುದಾ ಹಾಳೆ ತಿರುಗಿಸಿದಳು. ಹತ್ತಿಯ ಸಂದಿಯಿಂದ ನನಗೆ ಅವಳ ಗದ್ದ ಮಾತ್ರ ಕಾಣುತ್ತಿತ್ತು. ಅವಳ ಐದು ವರ್ಷದ ಓದು ಆ ಸಾಲಿನ ಮೇಲೆ ನಿಂತಿತ್ತು. ಓದೇ ತಾಯಿ, ಏನಾದರೂ ಓದು, ಅಲ್ಲೊಂದು ಜೀವ ಕಾಯುತ್ತಿದೆ ಅಂತ ನಾನು ಒಳಗೊಳಗೇ ಬೈದೆ. ಕಲ್ಲಿನ ಬೈಗುಳ ಯಾರಿಗೆ ಕೇಳುತ್ತದೆ!

"ಸರ್, ಈ ಸಾಲು ನಾನು ಆಮೇಲೆ ಸೇರಿಸಿದ್ದು. ಗುಂಡಿಯಲ್ಲಿ ನಾನು ಇದನ್ನ ನೋಡೇ ಇಲ್ಲ."

ಸಾಹೇಬರು ಪಕ್ಕದ ಪೆಟ್ಟಿಗೆಯ ಮೇಲೆ ಕುಕ್ಕರಿಸಿದರು. ಲೇಖನ ಅಚ್ಚಿಗೆ ಹೋಗಿದೆಯಲ್ಲ ಅಂತ ತಮಗೆ ತಾವೇ ಹೇಳಿಕೊಂಡರು. ಕುಮುದಾ ಕಾಯಲಿಲ್ಲ. ಹತ್ತಿ ಕಿತ್ತೆಸೆದು ನನ್ನನ್ನು ಹುಲಿಗೆಮ್ಮನ ಮಡಿಲಿಗೆ ಹಾಕಿದಳು. ಕೊಟ್ಟದ್ದು ನಾನು, ಜೈಲಿಗೆ ಹೋಗೋದಿದ್ದರೂ ನಾನೇ, ನೀವು ನಡೀರಿ ಅಂದಳು.

ಆ ಓಟ ನಾನು ಮರೆಯಲಾರೆ. ಮನೆಯ ಮುಂದೆ ಆಂಬುಲೆನ್ಸಿನ ಹುಡುಗ ಬೆವರು ಒರೆಸಿಕೊಳ್ಳುತ್ತಿದ್ದ. ದ್ಯಾವಮ್ಮ ತುಟಿ ಕಚ್ಚಿ, ಚೌಕಟ್ಟಿಗೆ ಕೈ ಹೆಣೆದು ಕೂತಿದ್ದಳು. ನನ್ನನ್ನು ಮುಟ್ಟಿದಳು. ಬೆರಳಿನಿಂದ ಮುರುಕು ಅಂಚನ್ನು ಹುಡುಕಿ ಸವರಿದಳು. ಕೈ ಸಡಿಲವಾಯಿತು.

ಆಸ್ಪತ್ರೆಯಲ್ಲಿ ನರ್ಸಮ್ಮ ಕಲ್ಲು ಗಿಲ್ಲು ಒಳಗೆ ಬೇಡ ಅಂತ ಗದರಿದಳು. ಹುಲಿಗೆಮ್ಮ ನನ್ನನ್ನು ಮಡಿಲಲ್ಲಿಟ್ಟುಕೊಂಡು ಹೊರಗಿನ ಬೆಂಚಿನ ಮೇಲೆ ಕೂತಳು. ಒಳಗಿನಿಂದ ಓಡಾಟದ ಸದ್ದು, ಆಮೇಲೆ ಬಹಳ ಹೊತ್ತು ಏನೂ ಇಲ್ಲ. ತಡವಾಯಿತು, ನನ್ನಿಂದಲೇ ತಡವಾಯಿತು ಅಂತ ಅವಳು ಗೊಣಗುತ್ತಲೇ ಇದ್ದಳು. ನನಗೂ ಭಯವಾಯಿತು, ಸುಳ್ಳು ಯಾಕೆ ಹೇಳಲಿ. ಕಡೆಗೆ ಕೂಸು ಅತ್ತಿತು. ಹೆಣ್ಣು ಕೂಸು. ಇನ್ನರ್ಧ ಗಂಟೆ ತಡವಾಗಿದ್ದರೆ ನಮ್ಮ ಕೈಲಿ ಇರಲಿಲ್ಲ ಅಂದರು ಡಾಕ್ಟರಮ್ಮ. ಉಳಿಸಿದ್ದು ಅವರು, ನಾನಲ್ಲ. ಆದರೆ ಚೌಕಟ್ಟಿನಿಂದ ಆ ಕೈ ಬಿಡಿಸಿದ್ದು ಯಾರು ಅಂತ ಕೇಳಿದರೆ ನಾನು ಸುಮ್ಮನಿರುತ್ತೇನೆ.

ಮೂರನೆಯ ದಿನ ಸಾಹೇಬರೂ ಕುಮುದಾಳೂ ಕಟ್ಟೆಗೆ ಬಂದರು. ಸಾಹೇಬರೇ ನನ್ನನ್ನೆತ್ತಿ ಮೂರನೆಯ ಕುಳಿಯಲ್ಲಿಟ್ಟು ನೋಡಿದರು. ಹಳೇ ಚಪ್ಪಲಿಗೆ ಕಾಲು ಹೋದಂತೆ ಕೂತೆ. ಅವರು ಕುಳಿಯ ಸುತ್ತ ಬೆರಳಾಡಿಸಿ ನೋಡಿದರು. ಲೇಖನ ವಾಪಸು ತರಿಸುತ್ತೇನೆ ಅಂದರು, ದನಿ ಸೋತಿತ್ತು.

ಕುಮುದಾ ಕೂತು ಹೊಸ ಹಾಳೆ ತೆರೆದಳು. ಹುಲಿಗೆಮ್ಮನಿಗೆ ಓದು ಬಾರದು, ಅದಕ್ಕೆ ಬರೆದದ್ದನ್ನೆಲ್ಲ ಗಟ್ಟಿಯಾಗಿ ಓದಿದಳು. ವಸ್ತು, ಕಲ್ಲಿನ ಕೊಡಲಿ. ಜಾಗ, ಬೇವಿನ ಕಟ್ಟೆ. ಕೊನೆಯ ಕಾಲಂ ವಸ್ತುವಿನ ಸ್ಥಿತಿಯದು. ಆ ಕಾಲಂನಲ್ಲಿ ಉಳಿದ ಸಾಮಾನಿಗೆಲ್ಲ ಒಡೆದಿದೆ, ಸವೆದಿದೆ, ಅರ್ಧ ಮಾತ್ರ ಅಂತ ಬರೆದು ಅವಳಿಗೆ ರೂಢಿ. ಪೆನ್ನು ನಿಂತಿತು. ಇದರ ಸ್ಥಿತಿ ಏನಂತ ಬರೀಲಿ ಅಂತ ಹುಲಿಗೆಮ್ಮನನ್ನೇ ಕೇಳಿದಳು. ಅಗೆತ ಶುರುವಾದಾಗಿನಿಂದ ಅವಳು ಹುಲಿಗೆಮ್ಮನಿಗೆ ಕೇಳಿದ ಮೊದಲ ಪ್ರಶ್ನೆ ಅದು.

ಹುಲಿಗೆಮ್ಮ ನನ್ನ ಮೈಗೆ ಎಣ್ಣೆ ಸವರುತ್ತಿದ್ದಳು, ತಲೆ ಎತ್ತಲಿಲ್ಲ.

"ಬರೋ ವಾರ ಬಸ್ಸವ್ವನ ಸೊಸಿಗೆ ದಿನ ತುಂಬ್ತಾವ. ಅಲ್ಲಿಗೆ ಹೋಗೂದೈತಿ ಅಂತ ಬರಕೋರಿ."

ಕುಮುದಾ ಬರೆದಳು, ಬರೆದದ್ದನ್ನು ಓದಿದಳು: "ಬಳಕೆಯಲ್ಲಿದೆ."