ಆಧಾರ್ ಕಾರ್ಡಿನ ಅಕ್ಷರಗಳು

ಸೇಡಂನ ಶಿವರಂಜನಿ ಮೇಡಂ ಮನೆಯಲ್ಲಿ ಅಡುಗೆ ನನ್ನದೇ. ನೂರೈವತ್ತು ವರ್ಷದ ಹಿಂದಿನ ಇಂಗ್ಲಿಷ್ ಕಾದಂಬರಿಗಳ ಮನೆಗೆಲಸದ ಹೆಂಗಸರ ಬಗ್ಗೆ ಅವರೊಂದು ಪುಸ್ತಕ ಬರೆದಿದ್ದಾರೆ. ನಾನು ಹೇಳಿದ ನನ್ನ ಬಾಳಿನ ಮಾತುಗಳೂ ಅದರಲ್ಲಿವೆಯಂತೆ. ನನಗೆ ಇಂಗ್ಲಿಷ್ ಬಾರದು. ಆಧಾರ್ ಕಾರ್ಡಿನಲ್ಲಿದ್ದ ನನ್ನ ಹೆಸರಿನ ಇಂಗ್ಲಿಷ್ ಅಕ್ಷರ ನೋಡಿಕೊಂಡು, ಅಚ್ಚಾಗಿ ಮನೆಗೆ ಬಂದ ಪ್ರತಿಗಳಲ್ಲಿ ಒಂದನ್ನು ಎರಡು ದಿನ ಪುಟಪುಟ ಹುಡುಕಿದೆ. ಒಲೆಯ ಮೇಲಿನ ಬ್ಯಾಳಿ ಸೀದುಹೋಯಿತು.

“ಏನ್ ಹುಡಕಾಕತ್ತೀರಿ, ಚಂದಮ್ಮ?” ಮೇಡಂ ಕೇಳಿದರು.

“ನನ್ನ ಹೆಸರ್ರಿ.”

“ಹೆಸರು ಹಾಕಿಲ್ಲ. ಅಡಗಿ ಮಾಡೋ ಒಬ್ಬಾಕಿ ಅಂತ ಬರದೀನಿ. ನಿಮಗ ನಾಚಿಕಿ ಆಗಬಾರದಂತ.”

“ಆ ಕಾದಂಬರಿ ಹೆಂಗಸರಿಗಿ ಹೆಸರೇ ಕೊಟ್ಟಿಲ್ಲಂತ ನೀವೇ ಸಿಟ್ಟಾಗ್ತಿದ್ರಲ್ಲರಿ.”

ಮೇಡಂ ಪೆನ್ನು ಕೊಟ್ಟು ಆ ಸಾಲು ತೋರಿಸಿದರು. ಪಕ್ಕದಲ್ಲಿ ಕನ್ನಡದಲ್ಲೇ ನನ್ನ ಹೆಸರು ಬರೆದೆ.

“ಇದರ ಉಳಿದ ಪ್ರತಿ ಎಲ್ಲಾ ಎಲ್ಲಿ ಇಟ್ಟೀರಿ?” ಎಂದು ಪೆನ್ನು ಹಿಡಿದುಕೊಂಡೇ ಕೇಳಿದೆ.